ಬಾಯಿ ಒಣಗಿದವಳು

ಮುನವ್ವರಾಳನ್ನು ಯಾರಾದರೂ ಎದುರಿಗೆ ನಿಂತು ದಿಟ್ಟಿಸಿದರೆ ಸಾಕು, ಅವಳ ಬಾಯಿ ಒಣಗಿಹೋಗುತ್ತಿತ್ತು. ಏಳನೇ ಕ್ಲಾಸಿನಲ್ಲಿ ಮೇಷ್ಟ್ರು ಎಬ್ಬಿಸಿ ಪದ್ಯ ಹೇಳು ಎಂದಾಗಲೂ ಹಾಗೇ ಆಗಿತ್ತು. ನಾಲಿಗೆ ಅಂಗುಳಕ್ಕೆ ಅಂಟಿಕೊಂಡು ಒಂದು ಸಾಲೂ ಹೊರಡಲಿಲ್ಲ. ಅದೇ ವರ್ಷ ಅಮ್ಮಿ ತೀರಿಕೊಂಡಳು. ಒಲೆ ಮುನವ್ವರಾಳ ಪಾಲಿಗೆ ಬಂತು, ಶಾಲೆ ಬಿಟ್ಟುಹೋಯಿತು. ಇನ್ನು ಎದ್ದು ನಿಂತು ಪದ್ಯ ಹೇಳಬೇಕಾಗಿಲ್ಲವಲ್ಲ ಎಂದು ಆ ದುಃಖದೊಳಗೂ ಅವಳಿಗೆ ಒಂದಿಷ್ಟು ಹಗುರವೆನಿಸಿದ್ದು ನಿಜ. ಅದನ್ನು ಅವಳು ಯಾರಿಗೂ ಹೇಳಿರಲಿಲ್ಲ.

ಈಗ ಅವಳಿಗೆ ಇಪ್ಪತ್ತು. ತುಮಕೂರಿನ ಬಸ್ ಸ್ಟ್ಯಾಂಡಿನ ಹಿಂದಿನ ಬೀದಿಯಲ್ಲಿ ತಾಜುನ್ನೀಸಾ ಎಂಬುವರು ತಮ್ಮ ಮನೆಯ ಪಡಸಾಲೆಯಲ್ಲೇ ಹೊಲಿಗೆ ನಡೆಸುತ್ತಿದ್ದರು. ಎಲ್ಲರ ಬಾಯಲ್ಲೂ ಅವರು ತಾಜ್ ಆಪಾ. ಅವರ ಕೈಕೆಳಗೆ ಮೂವರು ಹೆಂಗಸರು. ಕ್ಯಾತ್ಸಂದ್ರದಿಂದ ಬಸ್ಸಿನಲ್ಲಿ ಬರುತ್ತಿದ್ದ ಹನುಮಂತಮ್ಮ ಮಿಷನ್ ತುಳಿಯುತ್ತಿದ್ದಳು. ಚಿಕ್ಕಗಂಗಮ್ಮ ಅಂಚು ಮಡಿಚಿ ಹೊಲಿಯುತ್ತಿದ್ದಳು. ಮುನವ್ವರಾಳದು ಕಾಜದ ಕೆಲಸ, ಎಂದರೆ ಗುಂಡಿ ತೂರುವ ಸೀಳಿಗೆ ಸುತ್ತ ದಾರ ಕಟ್ಟುವುದು, ಆಮೇಲೆ ಗುಂಡಿ ಹಚ್ಚುವುದು. ಆ ಕೆಲಸಕ್ಕೆ ಬಾಯಿ ಬೇಕಿರಲಿಲ್ಲ, ಕಣ್ಣಿದ್ದರೆ ಸಾಕಿತ್ತು. ಕಣ್ಣು ಅವಳಿಗೆ ಧಾರಾಳವಾಗಿತ್ತು. ಯಾರ ಸೆರಗು ಯಾವ ಮೊಳೆಗೆ ಸಿಕ್ಕಿ ಹರಿದದ್ದು, ಯಾರು ಬೆಳಗ್ಗೆ ಅತ್ತುಕೊಂಡು ಬಂದದ್ದು, ಎಲ್ಲವನ್ನೂ ಅವಳು ತಲೆ ಬಗ್ಗಿಸಿಕೊಂಡೇ ನೋಡುತ್ತಿದ್ದಳು.

ಸಾವಿರದ ಒಂಬೈನೂರ ಎಂಬತ್ತೊಂದರ ಮಾರ್ಚಿ ತಿಂಗಳು. ಆಪಾಳ ಮಗಳಿಗೆ ಗುಬ್ಬಿಯಲ್ಲಿ ಗಂಡು ಗೊತ್ತಾಗಿತ್ತು. ಮದುವೆಗೆಂದು ಮಾಡಿಸಿದ ಜುಮುಕಿಯಲ್ಲಿ ಒಂದರ ತಿರುಪು ಸಡಿಲವಾಗಿ ರಿಪೇರಿಗೆ ಹೋಗಿತ್ತು. ಅದು ಗುರುವಾರ ಬೆಳಗ್ಗೆ ಅಕ್ಕಸಾಲಿಯ ಅಂಗಡಿಯಿಂದ ಗುಲಾಬಿ ಬಣ್ಣದ ದೊಡ್ಡ ಕಾಗದದಲ್ಲಿ ಸುತ್ತಿಕೊಂಡು ವಾಪಸು ಬಂತು. ಅದೇ ದಿನ ಗುಬ್ಬಿಯ ಬೀಗರ ಹುಡುಗಿಗೆ ಹೊಲಿದ ರೇಷ್ಮೆ ರವಿಕೆಯನ್ನೂ ಕಳಿಸಬೇಕಿತ್ತು.

"ಬರೀ ಬಟ್ಟೆ ಕಳಿಸ್ಬಾರ್ದು, ಮಡಿಕೆಯೊಳಗೆ ಸಿಹಿ ಇಡ್ಬೇಕು," ಎಂದು ಆಪಾ ಕಲ್ಲುಸಕ್ಕರೆ ತರಿಸಿದರು. ಅಂಗಡಿಯವನು ಹಳೆ ಪೇಪರಿನಲ್ಲಿ ಕಟ್ಟಿದ್ದ. ಬೀಗರ ಮನೆಗೆ ಅದು ಶೋಭಿಸುವುದಿಲ್ಲವೆಂದು ಆಪಾ ಜುಮುಕಿಯ ಗುಲಾಬಿ ಕಾಗದವನ್ನೇ ಎರಡಾಗಿ ಹರಿದರು. ಅರ್ಧದಲ್ಲಿ ಜುಮುಕಿ, ಅರ್ಧದಲ್ಲಿ ಕಲ್ಲುಸಕ್ಕರೆ. ಅಷ್ಟರಲ್ಲಿ ಗುಬ್ಬಿಗೆ ಹೊರಟಿದ್ದ ಮೈದುನ ಬಾಗಿಲಲ್ಲಿ ನಿಂತು "ಭಾಬಿ, ಬಸ್ಸು!" ಎಂದು ಕೂಗಿದ. ಆಪಾ ಒಂದು ಪೊಟ್ಟಣವನ್ನು ರವಿಕೆಯ ಮಡಿಕೆಗೆ ತುರುಕಿ ಕೊಟ್ಟರು, ಇನ್ನೊಂದನ್ನು ಮಿಷನ್ನಿನ ಡ್ರಾಯರಿಗೆ ಹಾಕಿದರು. ಮುನವ್ವರಾ ಇದನ್ನೆಲ್ಲ ನೋಡಿದಳು, ಮತ್ತೆ ಕಾಜಕ್ಕೆ ತಲೆ ಬಗ್ಗಿಸಿದಳು.

ಶುಕ್ರವಾರ ಮಧ್ಯಾಹ್ನ ಆಪಾ ಒಳಗೆ ನಮಾಜಿಗೆ ಹೋಗಿದ್ದಾಗ ಹನುಮಂತಮ್ಮ ಬಾಬಿನ್ನು ಹುಡುಕುತ್ತ ಡ್ರಾಯರು ತೆಗೆದಳು.

"ಲೇ ಗಂಗಿ, ಇಲ್ನೋಡೇ! ಕಲ್ಲುಸಕ್ರೆ. ಆಪಾ ನಮಗೇ ಇಟ್ಟವ್ರೆ ಕಣೇ."

"ನಮಗಾದ್ರೆ ಕರ್ದು ಕೊಡ್ತಿರ್ಲಿಲ್ವಾ?"

"ಕರ್ಯಕ್ಕೆ ಮರ್ತವ್ರೆ. ನೀ ಬಾಯಿ ತೆಗಿ."

ಎರಡು ಹರಳು ಚಿಕ್ಕಗಂಗಮ್ಮನಿಗೆ, ಒಂದು ಮುನವ್ವರಾಳ ಅಂಗೈಗೆ, ಮಿಕ್ಕದ್ದು ಹನುಮಂತಮ್ಮನ ಕೆನ್ನೆಯೊಳಗೆ. ಕೇಳದೆ ತಿಂದೆನಲ್ಲ ಎಂದು ಮುನವ್ವರಾಳಿಗೆ ಆ ಸಿಹಿಯಲ್ಲೂ ಚುಚ್ಚಿತು. ಖಾಲಿ ಕಾಗದವನ್ನು ಹನುಮಂತಮ್ಮ ಉಂಡೆ ಕಟ್ಟಿ ಚಿಂದಿಯ ಬುಟ್ಟಿಗೆ ಎಸೆದಳು.

ಶನಿವಾರ ಆಪಾ ಡ್ರಾಯರು ಎಳೆದರು. ಜುಮುಕಿ ಇರಲಿಲ್ಲ.

ಅವರು ಕಿರುಚಾಡುವ ಹೆಂಗಸಲ್ಲ. ಡ್ರಾಯರನ್ನು ನೆಲಕ್ಕೆ ಕವುಚಿದರು, ಮಿಷನ್ನಿನ ಅಡಿಯಲ್ಲೆಲ್ಲ ತಡಕಿದರು, ಆಮೇಲೆ ಸುಮ್ಮನೆ ಕುಳಿತು, "ಈ ಪಡಸಾಲೆಗೆ ನಿಮ್ಮ ಮೂವರನ್ನ ಬಿಟ್ರೆ ಯಾರೂ ಕಾಲಿಟ್ಟಿಲ್ಲ," ಎಂದರು. ಕಲ್ಲುಸಕ್ಕರೆಯ ಸುದ್ದಿ ಯಾರೂ ಎತ್ತಲಿಲ್ಲ. ಚಿನ್ನ ಹೋಗಿರುವಾಗ ನಾನೇ ಡ್ರಾಯರು ತೆಗೆದೆ ಎಂದು ಯಾರು ಹೇಳುತ್ತಾರೆ?

ಭಾನುವಾರ ಮಧ್ಯಾಹ್ನ ಕುಣಿಗಲ್ ಕಡೆಯ ಕೊತ್ತಗೆರೆಯಿಂದ ತಿಪ್ಪಮ್ಮನನ್ನು ಕರೆಸಿದರು. ಅಕ್ಕಿ ಅಗಿಸಿ ಕಳ್ಳರನ್ನು ಹಿಡಿಯುವುದರಲ್ಲಿ ಆ ಮುದುಕಿಯ ಹೆಸರು ದೊಡ್ಡದು. ಎಲ್ಲ ಜಾತಿಯವರೂ ಕರೆಸುತ್ತಿದ್ದರು. ಅರಿಶಿನ ಸೋಕಿಸಿದ ಒಂದು ಹಿಡಿ ಅಕ್ಕಿ ಬಾಯಿಗೆ ಹಾಕಿಕೊಂಡು ಮುದುಕಿ ನೂರು ಎಣಿಸುವ ತನಕ ಅಗಿಯಬೇಕು, ಆಮೇಲೆ ಮುತ್ತುಗದ ಎಲೆಯ ಮೇಲೆ ಉಗುಳಬೇಕು.

"ಕದ್ದೋರಾದ್ರೆ ಬಾಯಿ ಒಣಗ್ತದೆ. ಅಕ್ಕಿ ಹಿಟ್ಟಾಗಿ ಬೀಳ್ತದೆ," ಎಂದಳು ತಿಪ್ಪಮ್ಮ.

ಹನುಮಂತಮ್ಮ ಇಡೀ ದಿನ ಎಲೆಯಡಿಕೆ ಮೆಲ್ಲುವವಳು. ಅವಳ ಅಕ್ಕಿ ಪಾಯಸದ ಹಾಗೆ ಬಿತ್ತು. ಚಿಕ್ಕಗಂಗಮ್ಮನದೂ ಒದ್ದೆಯಾಗಿಯೇ ಬಿತ್ತು. ಮುನವ್ವರಾಳ ಸರದಿ ಬಂದಾಗ ನಾಲ್ಕು ಜೊತೆ ಕಣ್ಣು ಅವಳ ಮೇಲೆ ನೆಟ್ಟಿದ್ದವು. ಮುದುಕಿ ಹತ್ತು ಎಣಿಸುವ ಮೊದಲೇ ಅವಳಿಗೆ ಗೊತ್ತಾಯಿತು, ಬಾಯಲ್ಲಿ ಒಂದು ತೊಟ್ಟೂ ಇಲ್ಲ. ಎಲೆಯ ಮೇಲೆ ಬಿದ್ದದ್ದು ಒಣ ನುಚ್ಚು.

ಆಪಾ ಅವಳನ್ನು ಅಡುಗೆಮನೆಗೆ ಕರೆದುಕೊಂಡು ಹೋಗಿ ತಗ್ಗಿದ ದನಿಯಲ್ಲಿ, "ನಾಳೆ ಬೆಳಗ್ಗೆ ತಂದ್ಕೊಡು ಬೇಟಿ. ನಾನು ಯಾರ್ಗೂ ಹೇಳಲ್ಲ. ತರ್ಲಿಲ್ಲ ಅಂದ್ರೆ ನಿಮ್ಮಬ್ಬಾಗೆ ಹೇಳ್ದೆ ನನಗೆ ಬೇರೆ ದಾರಿ ಇಲ್ಲ," ಎಂದರು.

ಆ ಮಾತಿನ ಭಾರ ಎಷ್ಟೆಂದು ಮುನವ್ವರಾಳಿಗೆ ಗೊತ್ತಿತ್ತು. ಅಬ್ಬಾ ರಹಮತ್ ಉಲ್ಲಾ ಪಾತ್ರೆಗಳಿಗೆ ಕಲಾಯಿ ಹಾಕುವವರು, ಮಾನಕ್ಕೆ ಅಂಜುವ ಮನುಷ್ಯ. ದೊಡ್ಡ ಮಗಳು ಕಳ್ಳಿ ಎಂಬ ಮಾತು ಕಿವಿಗೆ ಬಿದ್ದರೆ ಇಬ್ಬರು ಹೆಣ್ಣುಮಕ್ಕಳನ್ನೂ ಹೊಸಿಲು ದಾಟಲು ಬಿಡುವುದಿಲ್ಲ. ತಂಗಿ ಮೆಹರ್ ಬಾನು ಪಿಯುಸಿ ಎರಡನೇ ವರ್ಷದಲ್ಲಿದ್ದಳು, ಪರೀಕ್ಷೆಗೆ ಮೂರು ವಾರವಿತ್ತು. ಆ ಮನೆತನದಲ್ಲಿ ಹೆಣ್ಣುಮಗಳೊಬ್ಬಳು ಅಷ್ಟು ದೂರ ಓದಿದ್ದು ಅದೇ ಮೊದಲು. ಅದೂ ಅಲ್ಲಿಗೇ ಮುಗಿಯುತ್ತದೆ.

ಸಂಜೆ ಅಬ್ಬಾ ಇನ್ನೂ ಅಂಗಡಿಯಿಂದ ಬಂದಿರಲಿಲ್ಲ. ಮೆಹರ್ ಚಾಪೆಯ ಮೇಲೆ ಪುಸ್ತಕ ಹರಡಿಕೊಂಡು ಕುಳಿತಿದ್ದಳು. ಪುಸ್ತಕ ಇಂಗ್ಲಿಷಿನದು, ಕಾಲೇಜಿನಲ್ಲಿ ಲೆಕ್ಚರರ್ ಕನ್ನಡದಲ್ಲಿ ಬಿಡಿಸಿ ಹೇಳಿದ್ದನ್ನು ಅವಳು ಮನೆಯಲ್ಲಿ ಅಕ್ಕನಿಗೆ ಒಪ್ಪಿಸುತ್ತಿದ್ದಳು. ಗಣಿತದಲ್ಲೇ ಒಂದು ಪಾಠ, ಮಾತಿಗೆ ಮಾತು ಜೋಡಿಸಿ ಅದು ನಿಜವೋ ಸುಳ್ಳೋ ಎಂದು ಸಾಲುಸಾಲಾಗಿ ಪರೀಕ್ಷಿಸುವುದು. ಆ ಕೋಷ್ಟಕ ಮೆಹರ್‌ಗೆ ಬಾಯಿಪಾಠ ಬರುತ್ತಿರಲಿಲ್ಲ. ಮುನವ್ವರಾ ಒಂದು ಉಪಾಯ ಮಾಡಿದ್ದಳು. ಬಿಳಿ ಗುಂಡಿ ನಿಜ, ಕಪ್ಪು ಗುಂಡಿ ಸುಳ್ಳು. ಎರಡು ವಾರದಿಂದ ಒಲೆಯ ಮುಂದೆ ಕುಳಿತು ‘ಮತ್ತು’, ‘ಅಥವಾ’ ಎರಡನ್ನೂ ಗುಂಡಿಯಲ್ಲಿ ಜೋಡಿಸಿ ಮುಗಿಸಿದ್ದರು.

"ಬಾಜಿ, ಗುಂಡಿ ತಾ. ಇವತ್ತು ‘ಹಾಗಾದರೆ ಹೀಗೆ’ ಅನ್ನೋದು," ಎಂದಳು ಮೆಹರ್.

ಮುನವ್ವರಾ ಡಬ್ಬಿ ತಂದು ಕೊಟ್ಟಳು. ಮೆಹರ್ ನಾಲ್ಕು ಸಾಲು ಗುಂಡಿ ಜೋಡಿಸಿದಳು. ಹೊರಗೆ ತಿರುವಿನಲ್ಲಿ ಬಸ್ಸೊಂದು ಹಾರ್ನ್ ಹೊಡೆಯಿತು.

"ನೋಡು, ಅದನ್ನೇ ಇಟ್ಕೊಳೋಣ," ಎಂದಳು ಮೆಹರ್. "ಕುಣಿಗಲ್ ಬಸ್ಸು ಬಂದ್ರೆ ಹಾರ್ನ್ ಕೇಳಿಸ್ತದೆ. ಈ ಮಾತು ಯಾವಾಗ ಸುಳ್ಳಾಗ್ತದೆ ಹೇಳು."

"ಬಸ್ಸು ಬಂದೂ ಹಾರ್ನ್ ಕೇಳಿಸ್ದೆ ಇದ್ರೆ."

"ಅಷ್ಟೇ! ಅದೊಂದೇ ಸಾಲಲ್ಲಿ ಕಪ್ಪು. ಬೇರೆ ಮೂರು ಸಾಲಲ್ಲೂ ಬಿಳಿ."

"ಬಸ್ಸು ಬರ್ಲಿಲ್ಲ, ಹಾರ್ನ್ ಮಾತ್ರ ಕೇಳಿಸ್ತು. ಆಗ್ಲೂ ಬಿಳೀನಾ?"

"ಯಾವ್ದೋ ಲಾರಿಯವನು ಹೊಡೆದಿರ್ತಾನೆ ಬಾಜಿ. ಅದ್ರಿಂದ ನಮ್ಮ ಮಾತು ಯಾಕೆ ಸುಳ್ಳಾಗ್ಬೇಕು? ಹಾರ್ನ್ ಕೇಳಿಸ್ತು ಅಂತ ಚೀಲ ಎತ್ಕೊಂಡು ಓಡೋನು ಪೆದ್ದ."

ಮುನವ್ವರಾಳ ಬೆರಳು ಮೂರನೇ ಸಾಲಿನ ಮೇಲೆ ನಿಂತುಬಿಟ್ಟಿತು. ಮೊದಲ ಮಾತಿಗೆ ಕಪ್ಪು, ಎರಡನೆಯದಕ್ಕೆ ಬಿಳಿ, ಆದರೂ ಒಟ್ಟು ಮಾತಿಗೆ ಬಿಳಿ. ಕದ್ದಿಲ್ಲ, ಬಾಯಿ ಒಣಗಿದೆ. ಇಂಥದೊಂದು ಸಾಲು ಇದೆ. ಪುಸ್ತಕದಲ್ಲೇ ಇದೆ. ಅವಳಿಗೆ ಅಳು ಒತ್ತರಿಸಿಕೊಂಡು ಬಂತು. ತಂಗಿ ಗಾಬರಿಯಾಗಿ ಏನಾಯಿತೆಂದು ಕೇಳಿದಾಗ ಅಕ್ಕಿಯ ಕತೆಯನ್ನೆಲ್ಲ ಹೇಳಿಬಿಟ್ಟಳು.

ಮೆಹರ್ ಎದ್ದು ದುಪಟ್ಟಾ ಎಳೆದುಕೊಂಡಳು. "ನಡಿ, ಈಗ್ಲೇ ಹೋಗಿ ಆ ಆಪಾಗೆ..." ಎಂದವಳು ಗುಂಡಿಗಳನ್ನು ನೋಡಿ ಮತ್ತೆ ಕುಳಿತಳು. "ಇಲ್ಲ ಬಾಜಿ. ನೀನು ಕಳ್ಳಿ ಅಂತ ರುಜುವಾಗಿಲ್ಲ, ಅಷ್ಟೇ. ಅಲ್ಲ ಅಂತ್ಲೂ ರುಜುವಾಗಿಲ್ಲ. ಕದ್ದಿದಾಳೆ, ಬಾಯೂ ಒಣಗಿದೆ ಅನ್ನೋ ಮೇಲಿನ ಸಾಲಲ್ಲೂ ಬಿಳಿ ಗುಂಡೀನೇ ಇದೆ."

"ಮತ್ತೆ ಜುಮುಕಿ ಎಲ್ಲಿ ಹೋಯ್ತು?"

"ಅದು ಪುಸ್ತಕದಲ್ಲಿಲ್ಲ. ನೀನಲ್ವಾ ದಿನಾ ಕಣ್ಣು ಬಿಟ್ಕೊಂಡು ಅಲ್ಲಿ ಕೂತಿರೋಳು?"

ಮುನವ್ವರಾ ಕಣ್ಣು ಒರೆಸಿಕೊಂಡಳು. ಗುರುವಾರವನ್ನು ಬಟ್ಟೆ ಬಿಚ್ಚಿದ ಹಾಗೆ ಮಡಿಕೆ ಮಡಿಕೆಯಾಗಿ ಬಿಚ್ಚಿದಳು. ಒಂದೇ ಕಾಗದ, ಎರಡು ತುಂಡು, ಎರಡು ಪೊಟ್ಟಣ. ಮೂರನೆಯದು ಇರಲಿಲ್ಲ. ಅದರಲ್ಲೊಂದು ರವಿಕೆಯೊಳಗೆ ಗುಬ್ಬಿಗೆ ಹೋಯಿತು.

"ಗುಬ್ಬಿಗೆ ಹೋದದ್ದು ಕಲ್ಲುಸಕ್ಕರೆ ಅಥವಾ ಜುಮುಕಿ," ಎಂದಳು ನಿಧಾನವಾಗಿ. "ಈ ಮಾತು ನಿಜ. ನಾನೇ ನೋಡಿದೀನಿ." ಚಾಪೆಯ ಮೇಲೆ ಒಂದು ಬಿಳಿ ಗುಂಡಿ ಇಟ್ಟಳು. "ಕಲ್ಲುಸಕ್ಕರೆ ಹೋಗ್ಲಿಲ್ಲ. ಅದು ಡ್ರಾಯರಲ್ಲೇ ಇತ್ತು. ಶುಕ್ರವಾರ ನಾವೇ ತಿಂದ್ವಿ." ಅಲ್ಲಿ ಕಪ್ಪು ಗುಂಡಿ. "‘ಅಥವಾ’ ನಿಜ ಆಗ್ಬೇಕು ಅಂದ್ರೆ ಎರಡರಲ್ಲಿ ಒಂದಾದ್ರೂ ಬಿಳಿ ಇರ್ಬೇಕು ಅಂದಿದ್ಯಲ್ಲ ನೀನು?"

ಮೆಹರ್ ಬಾಯಿ ಬಿಟ್ಟುಕೊಂಡು ನೋಡಿದಳು. ಉಳಿದ ಜಾಗ ಜುಮುಕಿಯದು. ಅಲ್ಲಿಗೆ ಕಪ್ಪು ಗುಂಡಿ ಇಡಲು ಆಗುತ್ತಲೇ ಇರಲಿಲ್ಲ.

"ಬಾಜಿ, ಪರೀಕ್ಷೆಗೆ ನೀನೇ ಹೋಗ್ಬುಡು!"

ಸೋಮವಾರ ಬೆಳಗ್ಗೆ ಮುನವ್ವರಾ ಆಪಾಳ ಮನೆಯ ಬಾಗಿಲಲ್ಲಿ ನಿಂತಾಗ ಲೆಕ್ಕವೆಲ್ಲ ತಲೆಯಲ್ಲಿ ಅಚ್ಚುಕಟ್ಟಾಗಿತ್ತು, ಬಾಯಿ ಮಾತ್ರ ಎಂದಿನಂತೆ ಒಣಗಿತ್ತು. ತಿಪ್ಪಮ್ಮ ಹಿಂದಿನ ಸಂಜೆಯ ಬಸ್ಸು ತಪ್ಪಿಸಿಕೊಂಡು ಅಲ್ಲೇ ಉಳಿದಿದ್ದಳು, ಜಗಲಿಯ ಮೇಲೆ ಕುಳಿತು ಕಾಫಿ ಕುಡಿಯುತ್ತಿದ್ದಳು. ಹನುಮಂತಮ್ಮ, ಚಿಕ್ಕಗಂಗಮ್ಮ ಆಗಲೇ ಬಂದಿದ್ದರು. ಆಪಾ ಅವಳ ಕೈ ನೋಡಿದರು. ಕೈ ಖಾಲಿಯಿತ್ತು.

"ತರ್ಲಿಲ್ವಾ?"

ಮುನವ್ವರಾ ಮೂಲೆಯ ಹೂಜಿಯಿಂದ ಒಂದು ಲೋಟ ನೀರು ಬಗ್ಗಿಸಿಕೊಂಡು ಕುಡಿದಳು. ಆಮೇಲೆ ಯಾರ ಮುಖವನ್ನೂ ನೋಡದೆ ಮಿಷನ್ನಿನ ಚಕ್ರವನ್ನು ನೋಡುತ್ತ ಮಾತಾಡಿದಳು.

"ಆಪಾ, ಶುಕ್ರವಾರ ನಾನು ನಿಮ್ಮ ಡ್ರಾಯರಿನ ಕಲ್ಲುಸಕ್ಕರೆ ತಿಂದೆ. ನಿಮ್ಮನ್ನ ಕೇಳ್ಲಿಲ್ಲ. ತಪ್ಪಾಯ್ತು."

"ಕಲ್ಲುಸಕ್ಕರೆನಾ? ಅದು ಗುರುವಾರವೇ ಗುಬ್ಬಿಗೆ ಹೋಯ್ತಲ್ಲ!"

"ಗುಲಾಬಿ ಪೊಟ್ಟಣದಲ್ಲಿತ್ತು. ಡ್ರಾಯರಲ್ಲೇ ಇತ್ತು."

"ಸುಳ್ಳು ಹೇಳ್ಬೇಡ ಹುಡುಗಿ! ಡ್ರಾಯರಿಗೆ ನೀನ್ಯಾಕೆ ಕೈ ಹಾಕ್ದೆ?"

ಹನುಮಂತಮ್ಮನ ಹೆಸರು ಎತ್ತಲು ಮುನವ್ವರಾಳಿಗೆ ಮನಸ್ಸಾಗಲಿಲ್ಲ. ಚಿಕ್ಕಗಂಗಮ್ಮ ಹನುಮಂತಮ್ಮನ ಪಕ್ಕೆ ತಿವಿದಳು.

"ತಿವೀಬೇಡ ಕಣೇ, ಹೇಳ್ತೀನಿ," ಎಂದು ಹನುಮಂತಮ್ಮ ಎಲೆಯಡಿಕೆಯನ್ನು ಒಂದು ಕೆನ್ನೆಗೆ ಸರಿಸಿದಳು. "ಅವ್ಳಲ್ಲ ಆಪಾ, ನಾನೇ ಕೈ ಹಾಕಿದ್ದು. ಬಾಬಿನ್ ಹುಡುಕ್ತಿದ್ದೆ, ಸಕ್ರೆ ಸಿಕ್ತು, ಹಂಚ್ಬುಟ್ಟೆ. ಅವ್ಳಿಗೆ ಕೊಟ್ಟಿದ್ದು ಒಂದೇ ಒಂದು ಹರಳು. ಕಾಗದ ಇಲ್ಲೇ ಎಲ್ಲೋ ಐತೆ." ಅವಳು ಚಿಂದಿಯ ಬುಟ್ಟಿ ಕೆದಕಿ ಉಂಡೆ ಮಾಡಿದ್ದ ಗುಲಾಬಿ ಕಾಗದ ಎತ್ತಿಕೊಟ್ಟಳು. ಆಪಾ ಬಿಚ್ಚಿದರು. ಒಳಗೆ ಸಕ್ಕರೆಯ ಪುಡಿ ಅಂಟಿಕೊಂಡಿತ್ತು.

"ಇದು ಇಲ್ಲಿದೆ," ಎಂದಳು ಮುನವ್ವರಾ. "ಎರಡರಲ್ಲಿ ಒಂದು ಗುಬ್ಬಿಗೆ ಹೋಗಿದೆ ಆಪಾ. ಇದು ಹೋಗಿಲ್ಲ."

ಆಪಾ ಕಾಗದ ಹಿಡಿದುಕೊಂಡೇ ಮಿಷನ್ನಿನ ಸ್ಟೂಲಿನ ಮೇಲೆ ಕುಸಿದರು. ಸೋತ ದನಿಯಲ್ಲಿ, "ಆದ್ರೆ ಅಕ್ಕಿ? ತಿಪ್ಪಮ್ಮ, ನಿನ್ನ ಅಕ್ಕಿ ಸುಳ್ಳು ಹೇಳ್ತಾ?" ಎಂದು ಕೇಳಿದರು.

ಮುದುಕಿ ಲೋಟ ಕೆಳಗಿಟ್ಟಳು. "ನನ್ ಅಕ್ಕೀನ್ಯಾಕವ್ವ ಬೈತೀಯ? ಕದ್ದೋರ ಬಾಯಿ ಒಣಗ್ತದೆ ಅಂದೆ. ಒಣಗಿದೋರೆಲ್ಲ ಕಳ್ಳರು ಅಂತ ನಾನ್ಯಾವಾಗಂದೆ? ಆಡಿದ ಮಾತು ಒಂದು, ನೀವು ಕೇಳ್ಕಂಡಿದ್ದು ಇನ್ನೊಂದು."

"ಹಂಗಂತ ನಿನ್ನೆನೇ ಬಾಯಿ ಬಿಡೋದಲ್ವಾ ಅಜ್ಜೀ!" ಎಂದಳು ಹನುಮಂತಮ್ಮ.

"ಕೇಳಿದ್ರೆ ಬಿಡ್ತಿದ್ದೆ. ಕೇಳ್ಲಿಲ್ವಲ್ಲ."

ಹತ್ತು ಗಂಟೆಯ ಬಸ್ಸಿಗೆ ಆಪಾ ಬುರ್ಖಾ ಹಾಕಿಕೊಂಡು ಹೊರಟರು. "ನೀನೂ ಬಾ," ಎಂದರು ಮುನವ್ವರಾಳಿಗೆ. ಬಸ್ಸಿನ ಕಿಟಕಿಯಾಚೆ ತೆಂಗಿನ ತೋಟಗಳು ಸರಿಯುತ್ತಿದ್ದವು. ಮುನವ್ವರಾ ಮಾತ್ರ ಮನಸ್ಸಿನಲ್ಲಿ ಗುಂಡಿ ಜೋಡಿಸುತ್ತಲೇ ಇದ್ದಳು. ಪೊಟ್ಟಣ ಹೋದದ್ದು ನಿಜ. ದಾರಿಯಲ್ಲಿ ಬಿದ್ದಿದ್ದರೆ? ಅಲ್ಲಿ ಯಾರೋ ಬಿಚ್ಚಿ ಸುಮ್ಮನಾಗಿದ್ದರೆ? ಅದಕ್ಕೆಲ್ಲ ಅವಳ ಹತ್ತಿರ ಗುಂಡಿ ಇರಲಿಲ್ಲ.

ಗುಬ್ಬಿಯಲ್ಲಿ ಬೀಗಿತ್ತಿ ದಡಬಡಿಸಿ ಚಾಪೆ ಹಾಸಿದರು. ಯಜಮಾನರು ಕೊಬ್ಬರಿಯ ವ್ಯಾಪಾರಕ್ಕೆ ನಿಟ್ಟೂರಿಗೆ ಹೋಗಿದ್ದಾರೆ, ಹೇಳಿ ಕಳಿಸಿದ್ದರೆ ಇರುತ್ತಿದ್ದರು ಎಂದು ಪೇಚಾಡಿದರು. ಆಪಾ, ರವಿಕೆಯ ತೋಳು ಬಿಗಿಯಾಯಿತೇನೋ ಎಂದು ಅನುಮಾನ, ಒಂದು ಸಲ ನೋಡೋಣವೆಂದು ಬಂದೆ ಎಂದರು. ರವಿಕೆ ಬಂತು. ಮಡಿಕೆ ಬಿಚ್ಚಿದರೆ ಒಳಗೆ ಏನೂ ಇರಲಿಲ್ಲ.

ಮುನವ್ವರಾ ಆಪಾಳ ಮುಖ ನೋಡಿದಳು. ಆಪಾ ಏನೋ ಹೇಳಲು ಹೋದರು, ಬಾಯಿ ಒಣಗಿ ತುಟಿಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಆ ಕಷ್ಟ ಎಂಥದ್ದೆಂದು ಮುನವ್ವರಾಳಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಅವಳೇ ಮಾತಾಡಿದಳು.

"ಇದ್ರೊಳಗೆ ಒಂದು ಸಿಹಿ ಪೊಟ್ಟಣ ಇತ್ತಲ್ಲ ಖಾಲಾ?"

"ಓ, ಅದಾ? ಬೀಗರ ಮನೆ ಸಿಹಿ, ಮದ್ವೆ ದಿನವೇ ಬಿಚ್ಚೋಣ ಅಂತ ಡಬ್ಬೀಲಿ ಹಾಕಿಟ್ಟಿದೀನಿ ಮಗಾ. ಮಕ್ಕಳು ಕಂಡ್ರೆ ಉಳಿಸ್ತಾರಾ?"

ಡಬ್ಬಿ ಬಂತು. ಗುಲಾಬಿ ಪೊಟ್ಟಣ ಕಟ್ಟಿದ್ದು ಕಟ್ಟಿದ ಹಾಗೇ ಇತ್ತು. ಬೀಗಿತ್ತಿಯೇ ಬಿಚ್ಚಿದರು. ಜುಮುಕಿ ಅಂಗೈಗೆ ಜಾರಿ ಸಣ್ಣಗೆ ಕಿಣಿಗುಟ್ಟಿತು.

"ಯಾ ಅಲ್ಲಾ! ಇದನ್ನ ಬಾಯಿಗೆ ಹಾಕ್ಕೊಂಡಿದ್ರೆ ಹಲ್ಲೇ ಹೋಗ್ತಿತ್ತಲ್ಲ!"

ಬೀಗಿತ್ತಿ ನಕ್ಕರು, ಆಪಾ ಅತ್ತರು, ಆಮೇಲೆ ಅವರೂ ನಕ್ಕರು. ನಾಷ್ಟಾ ಬಂತು. ಶನಿವಾರದಿಂದ ಸರಿಯಾಗಿ ಊಟ ಮಾಡದಿದ್ದ ಮುನವ್ವರಾ ಮೂರು ಪೂರಿ ತಿಂದು ನಾಲ್ಕನೆಯದಕ್ಕೂ ಬೇಡವೆನ್ನಲಿಲ್ಲ. ಎದೆಯ ಮೇಲಿಂದ ಯಾರೋ ಮಣಭಾರದ ಮೂಟೆ ಇಳಿಸಿದ ಹಾಗಿತ್ತು.

ವಾಪಸು ಬರುವಾಗ ಬಸ್ಸಿನಲ್ಲಿ ಆಪಾ ಅವಳ ಕೈ ಹಿಡಿದುಕೊಂಡರು. "ನಿಮ್ಮಬ್ಬಾಗೆ ನಾನೇನೂ ಹೇಳಿಲ್ಲ ಬೇಟಿ. ಇದು ಇಲ್ಲಿಗೇ ಮುಗೀಲಿ. ಮಾಫ್ ಮಾಡು."

"ನನ್ನ ಅಕ್ಕಿ ಒಣಗಿದ್ದನ್ನ ಅವ್ರೆಲ್ಲ ನೋಡಿದಾರೆ ಆಪಾ," ಎಂದಳು ಮುನವ್ವರಾ.

ತುಮಕೂರಿನಲ್ಲಿ ಇಳಿದ ಆಪಾ ಅವಳಿಗಿಂತ ಮುಂದೆ ಹೆಜ್ಜೆ ಹಾಕಿದರು.

ಪಡಸಾಲೆಯಲ್ಲಿ ಮೂವರೂ ಕಾಯುತ್ತಿದ್ದರು. ತಿಪ್ಪಮ್ಮ ಗಂಟು ಕಟ್ಟಿಕೊಂಡು ಮೂರೂವರೆಯ ಬಸ್ಸಿಗೆ ಸಿದ್ಧಳಾಗಿದ್ದಳು. ಆಪಾ ಜುಮುಕಿಯನ್ನು ಎತ್ತಿ ತೋರಿಸಿದರು. ಹನುಮಂತಮ್ಮ ಮಿಷನ್ನಿನ ಮೇಲೆ ಕೈ ಬಡಿದಳು. ಆಪಾ ಬುರ್ಖಾ ಬಿಚ್ಚಿ ಮುದುಕಿಯ ಎದುರಿಗೆ ಕುಳಿತರು.

"ತಿಪ್ಪಮ್ಮ, ಆ ಅಕ್ಕಿ ಉಳಿದಿದ್ರೆ ನನಗೂ ಒಂದು ಹಿಡಿ ಕೊಡು."

"ಯಾಕವ್ವ? ಒಡವೆ ಸಿಕ್ಕಾಯ್ತಲ್ಲ."

"ಕೊಡು ಅಂದ್ನಲ್ಲ."

ಮುದುಕಿ ಎಣಿಸಿದಳು. ಆಪಾ ಎಲ್ಲರ ಕಣ್ಣೆದುರಿಗೆ ಅಗಿದರು. ಅವರ ಕಿವಿ ಕೆಂಪಾಗಿತ್ತು. ನೂರಾದ ಮೇಲೆ ಮುತ್ತುಗದ ಎಲೆಯ ಮೇಲೆ ಉಗುಳಿದರು. ಒಣಗಿ ಪುಡಿಪುಡಿಯಾಗಿ ಉದುರಿತು.

"ಅಯ್ಯಯ್ಯೋ, ಆಪಾ! ನೀವೇನಾ ಕಳ್ರು!" ಎಂದು ಹನುಮಂತಮ್ಮ ಕೂಗಿದಳು. ಚಿಕ್ಕಗಂಗಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕಳು, ಮುದುಕಿ ಕೆಮ್ಮು ಬರುವ ತನಕ ನಕ್ಕಳು. ಆಪಾ ಬಾಯಿ ಒರೆಸಿಕೊಂಡು, "ನೋಡಿದ್ರಲ್ಲ? ಈ ಹುಡುಗಿ ಏನೂ ತೆಗೀಲಿಲ್ಲ. ತಪ್ಪು ನಂದು. ಇನ್ನು ಯಾರೂ ಆ ಮಾತು ಎತ್ತಕೂಡ್ದು," ಎಂದರು.

"ನೀನೂ ಒಂದ್ಸಲ ಅಗೀಯೇ ಮುನ್ನಿ, ಈಗೇನಾಯ್ತದೆ ನೋಡಾಣ," ಎಂದು ಹನುಮಂತಮ್ಮ ನಾಲ್ಕು ಕಾಳು ಅವಳ ಬಾಯಿಗೇ ಹಾಕಿದಳು.

ಎಲ್ಲರೂ ಅವಳನ್ನೇ ನೋಡಿದರು. ಮುನವ್ವರಾ ಅಗಿದಳು. ಬಾಯಿ ಆಗಲೂ ಒಣಗಿಯೇ ಇತ್ತು. ಅವಳು ಅದನ್ನು ಎಲೆಯ ಮೇಲೆ ಉಗುಳಿ ತಾನೇ ಮೊದಲು ನಕ್ಕುಬಿಟ್ಟಳು. ಆಮೇಲೆ ಸೂಜಿಗೆ ದಾರ ಪೋಣಿಸಿಕೊಂಡು, ಶನಿವಾರ ಅರ್ಧಕ್ಕೆ ಬಿಟ್ಟಿದ್ದ ಜುಬ್ಬಾದ ಮೂರನೇ ಕಾಜಕ್ಕೆ ಕುಳಿತಳು.